ಮನಿಯಾರ್ಡರ್ ನಿಂತ ಸಂಸಾರಗಳನ್ನು ಲೆಕ್ಕ ಹಿಡಿದವರು ಯಾರು?

ಸಂಪಾದಕರಿಗೆ ನಮಸ್ಕಾರಗಳು.

ಮುಂಬಯಿ ಕನ್ನಡಿಗರಲ್ಲಿ ವಿಚ್ಛೇದನ ಹೆಚ್ಚುತ್ತಿದೆ ಎಂದು ನಿಮ್ಮ ಭಾನುವಾರದ ಪುಟದಲ್ಲಿ ಬಂದ ಲೇಖನವನ್ನು ಎರಡು ಸಲ ಓದಿದೆ. ಹೆಣ್ಣುಮಕ್ಕಳು ಹೆಚ್ಚು ಓದಿದರು, ಸಂಬಳ ತಂದರು, ಕೈಗೆ ಮೊಬೈಲು ಬಂತು, ಹೊಂದಿಕೊಂಡು ಹೋಗುವ ಗುಣ ಹೋಯಿತು. ಬರೆದವರು ಹೇಳಿದ್ದು ಇಷ್ಟೇ. ಉಳಿದದ್ದೆಲ್ಲ ನಮ್ಮ ಸಂಸ್ಕೃತಿಯ ಹೊಗಳಿಕೆ.

ನಾನು ಫೋರ್ಟಿನಲ್ಲಿ ಕನ್ನಡದ ವಕೀಲರೊಬ್ಬರ ಆಫೀಸಿಗೆ ಟೈಪಿಸ್ಟಾಗಿ ಸೇರಿ, ಅಲ್ಲೇ ತಲೆ ನರೆತು, ಈಗ ಡೊಂಬಿವಲಿಯಲ್ಲಿ ಮನೆಯಲ್ಲಿರುವವಳು. ನಮ್ಮ ಸಾಹೇಬರದ್ದು ಹೆಚ್ಚಾಗಿ ಬಾಡಿಗೆ, ಪಗಡಿ (ದೊಡ್ಡ ಮುಂಗಡದ ಹಳೆ ಬಾಡಿಗೆ ಪದ್ಧತಿ), ಹೊಟೇಲು ಪಾಲುದಾರಿಕೆಯ ಕೇಸು. ಆದರೆ ಆಫೀಸಿನಲ್ಲಿ ಕನ್ನಡ, ತುಳು ಎರಡೂ ಬಲ್ಲ ಹೆಂಗಸೊಬ್ಬಳಿದ್ದಾಳೆ ಎಂದು ಬಾಯಿಂದ ಬಾಯಿಗೆ ಹೋದ ಮೇಲೆ ಸಂಸಾರದ ಕೇಸುಗಳೂ ಮೆಟ್ಟಿಲು ಹತ್ತಿದವು. ಲಗ್ನಪತ್ರಿಕೆಯನ್ನು ಇಂಗ್ಲಿಷಿಗೆ ಮಾಡಿ ಅರ್ಜಿಗೆ ಲಗತ್ತಿಸುವುದು, ಹುಡುಗಿಯ ತಾಯಿ ನೆನಪಿನಿಂದ ಹೇಳುತ್ತಾ ಹೋದ ಹಾಗೆ ಕೊಟ್ಟ ಬಂಗಾರದ ಪಟ್ಟಿ ಟೈಪು ಮಾಡುವುದು ನನ್ನ ಕೆಲಸ: ಎರಡೆಳೆ ಕರಿಮಣಿ, ಅವಲಕ್ಕಿ ಸರ, ಬೆಂಡೋಲೆ, ಬಳೆ ಆರು, ಗೋದ್ರೆಜ್ ಕಪಾಟು ಒಂದು, ಸ್ಟೀಲಿನ ಕೊಡಪಾನ ಎರಡು. ಕೊಡಪಾನದ ಹತ್ತಿರ ಬಂದಾಗಲೇ ಅನೇಕರಿಗೆ ಅಳು ಬರುತ್ತಿದ್ದುದು. ಬಂಗಾರದ ಹತ್ತಿರ ಯಾರೂ ಅಳುತ್ತಿರಲಿಲ್ಲ.

ಅರ್ಜಿಗಳು ಹೆಚ್ಚಾಗಿವೆ, ನಿಜ. ನನ್ನ ಬೆರಳೇ ಸಾಕ್ಷಿ. ಆದರೆ ಅರ್ಜಿ ಹೆಚ್ಚಾಯಿತೆಂದ ಮಾತ್ರಕ್ಕೆ ಮುರಿದ ಸಂಸಾರಗಳೂ ಹೆಚ್ಚಾದವು ಎಂದು ಲೆಕ್ಕ ಹಾಕುವುದಾದರೆ, ಮೊದಲು ಹಳೆಯ ಲೆಕ್ಕವನ್ನು ಸರಿಯಾಗಿ ತೆಗೆಯಬೇಕು.

ಈ ಊರಿಗೆ ಬಂದ ನಮ್ಮವರ ಹಿಂದಿನ ತಲೆಮಾರಿನಲ್ಲಿ ಎಷ್ಟು ಮಂದಿ ಹೊಟೇಲಿನವರು! ಹಗಲು ಸಪ್ಲೈ, ರಾತ್ರಿ ಅದೇ ಹೊಟೇಲಿನ ಮೇಜು ಸರಿಸಿ ಹಾಸಿಗೆ. ಹೆಂಡತಿ ಊರಿನಲ್ಲಿ, ಅತ್ತೆಯ ಜೊತೆ. ವರ್ಷಕ್ಕೊಮ್ಮೆ, ಸೇಠ್ ರಜೆ ಕೊಡದಿದ್ದರೆ ಎರಡು ವರ್ಷಕ್ಕೊಮ್ಮೆ ಘಟ್ಟ ಸುತ್ತಿ ಬಸ್ಸಿನಲ್ಲಿ ಊರಿಗೆ. (ಕೊಂಕಣ ರೈಲು ಪೂರ್ತಿಯಾಗಿ ಓಡಿದ್ದು 1998ರಲ್ಲಿ. ಈಗಿನ ಮಕ್ಕಳು ಅದು ಬ್ರಿಟಿಷರ ಕಾಲದ್ದು ಅಂದುಕೊಂಡಿದ್ದಾರೆ.) ಹತ್ತು ವರ್ಷದ ಸಂಸಾರದಲ್ಲಿ ಗಂಡ ಹೆಂಡತಿ ಒಂದೇ ಸೂರಿನಡಿ ಇದ್ದದ್ದು ಕೂಡಿಸಿದರೆ ವರ್ಷ ತುಂಬುವುದೂ ಕಷ್ಟ. ಆ ಹತ್ತು ವರ್ಷವನ್ನು ನಾವು ಈಗ ಹೊಂದಾಣಿಕೆ ಎಂದು ಕರೆಯುತ್ತೇವೆ. ಹೊಂದಿಕೊಳ್ಳಲು ಎದುರಿಗೆ ಆಸಾಮಿ ಇದ್ದರೆ ತಾನೇ!

ಅಂಥ ಸಂಸಾರ ಮುರಿಯುತ್ತಿದ್ದುದು ಹೇಗೆ? ಒಂದು ತಿಂಗಳು ಮನಿಯಾರ್ಡರ್ ಬರುವುದಿಲ್ಲ. ಮರುತಿಂಗಳೂ ಇಲ್ಲ. ಪೋಸ್ಟಿನವನು ದೂರದಿಂದಲೇ ಇಲ್ಲವೆಂದು ಕೈಯಾಡಿಸಿ ಹೋಗುತ್ತಾನೆ. ಆಮೇಲೆ ಆಟಿ ತಿಂಗಳ ಮಳೆಗಾಲದ ರಜೆಗೆ ಬಂದ ಪಕ್ಕದ ಮನೆಯ ಹುಡುಗ, ಅವರು ಕುರ್ಲಾದಲ್ಲಿ ಬೇರೆ ಖೋಲಿ (ಒಂದು ಕೋಣೆಯ ಮನೆ) ಮಾಡಿದ್ದಾರಂತೆ ಎಂದು ತಾಯಿಯ ಕಿವಿಯಲ್ಲಿ ಹೇಳುತ್ತಾನೆ. ಅಲ್ಲಿಗೆ ಮುಗಿಯಿತು. ಕೋರ್ಟಿಲ್ಲ, ನೋಟೀಸಿಲ್ಲ, ಜೀವನಾಂಶವಂತೂ ಇಲ್ಲವೇ ಇಲ್ಲ. ನಮ್ಮ ದೊಡ್ಡಮ್ಮನದ್ದು ಇದೇ ಪಾಡು. ಬೀಡಿ ಕಟ್ಟಿ ಮಗನನ್ನು ಓದಿಸಿದರು, ಸಾಯುವವರೆಗೂ ಕರಿಮಣಿ ತೆಗೆಯಲಿಲ್ಲ. ಜನಗಣತಿಗೆ ಬಂದ ಮಾಸ್ತರರು ಪ್ರತಿ ಸಲವೂ ಅವರನ್ನು ವಿವಾಹಿತೆ ಎಂದೇ ಬರೆದುಕೊಂಡು ಹೋದರು. ನಿಮ್ಮ ಲೇಖಕರು ಹಿಂದೆ ಇಷ್ಟೊಂದು ವಿಚ್ಛೇದನ ಇರಲಿಲ್ಲ ಎಂದು ಬರೆಯುವಾಗ ಆ ಇಲ್ಲದ ಲೆಕ್ಕದಲ್ಲಿ ನಮ್ಮ ದೊಡ್ಡಮ್ಮನೂ ಸೇರಿದ್ದಾರೆ.

ಜನಗಣತಿಯ ಮಾತು ಬಂತು. 2011ರದ್ದನ್ನೇ ನೋಡಿ. ವಿಚ್ಛೇದನವಾಗಿದೆ ಎಂದು ಬರೆಸಿದವರು ಇಡೀ ದೇಶದಲ್ಲಿ ಸುಮಾರು 13.6 ಲಕ್ಷ. ವಿಚ್ಛೇದನವಿಲ್ಲದೆ ಬರೀ ಬೇರೆ ಇದ್ದೇವೆ ಎಂದವರು ಅವರ ಎರಡೂವರೆ ಪಟ್ಟು. ಎರಡು ಕಾಲಮಿನಲ್ಲೂ ಗಂಡಸರಿಗಿಂತ ಹೆಂಗಸರೇ ಹೆಚ್ಚು, ಏಕೆಂದರೆ ಗಂಡಸು ಮತ್ತೊಂದು ಮದುವೆ ಮಾಡಿಕೊಂಡು ವಿವಾಹಿತರ ಕಾಲಮಿಗೆ ವಾಪಸು ಹೋಗುತ್ತಾನೆ. ಹಳ್ಳಿಗೂ ಪಟ್ಟಣಕ್ಕೂ ಇದರಲ್ಲಿ ಹೇಳಿಕೊಳ್ಳುವಂಥ ಅಂತರವೇ ಕಾಣುವುದಿಲ್ಲ. ಮಾಲು, ಮಲ್ಟಿಪ್ಲೆಕ್ಸು, ಲಿವ್-ಇನ್ ಎಂದು ಪಟ್ಟಣವನ್ನು ಬೈಯುವವರು ಇದಕ್ಕೆ ಏನನ್ನುತ್ತಾರೋ. ಇನ್ನು ರಾಜ್ಯವಾರು ನೋಡಿದರೆ ಮಿಜೋರಾಂ ಎಲ್ಲರಿಗಿಂತ ಮುಂದೆ, ಕೇರಳವೂ ಮೇಲೆ. ಉತ್ತರ ಪ್ರದೇಶ, ಬಿಹಾರ, ಹರಿಯಾಣ ಕೆಳಗೆ. ವಿಚ್ಛೇದನ ಕಡಿಮೆ ಇದ್ದಲ್ಲಿ ಹೆಣ್ಣು ಸುಖವಾಗಿದ್ದಾಳೆ ಎಂದಾದರೆ ನಾವೆಲ್ಲ ಹೆಣ್ಣುಮಕ್ಕಳನ್ನು ಹರಿಯಾಣಕ್ಕೆ ಕೊಡಬೇಕಿತ್ತು.

ಕಾನೂನು ಬದಲಾದಾಗಲೂ ಲೆಕ್ಕ ಬದಲಾಗುತ್ತದೆ, ಅದನ್ನೂ ಲೇಖನ ಮರೆತಿದೆ. 1955ರ ಹಿಂದೂ ವಿವಾಹ ಕಾಯ್ದೆ ಬಂದಾಗ ಗಂಡ ಹೊಡೆಯುತ್ತಾನೆ ಎಂಬುದು ವಿಚ್ಛೇದನಕ್ಕೆ ಕಾರಣವೇ ಆಗಿರಲಿಲ್ಲ! ಬೇರೆ ಇರಲು ಕೋರ್ಟಿನಿಂದ ಅಪ್ಪಣೆ ಪಡೆಯಬಹುದಿತ್ತು, ಅಷ್ಟೆ. ಕ್ರೌರ್ಯ, ಬಿಟ್ಟುಹೋಗುವುದು ಇವೆರಡೂ ವಿಚ್ಛೇದನದ ಕಾರಣಗಳಾಗಿ ಸೇರಿದ್ದು 1976ರ ತಿದ್ದುಪಡಿಯಲ್ಲಿ. ಇಬ್ಬರೂ ಒಪ್ಪಿ ಬಿಡುವ 13ಬಿ ಕಲಂ ಬಂದದ್ದೂ ಆಗಲೇ. ಅಂದಮೇಲೆ 1970ರಲ್ಲಿ ಇಷ್ಟಿತ್ತು, ಈಗ ಇಷ್ಟಾಯಿತು ಎಂದು ಹೋಲಿಸುವುದು ಬಾಗಿಲೇ ಇಲ್ಲದ ಮನೆಯಿಂದ ಆಗ ಯಾರೂ ಹೊರಗೆ ಬರುತ್ತಿರಲಿಲ್ಲ ಎಂದು ಮೆಚ್ಚಿಕೊಂಡ ಹಾಗೆ.

ವಿಚ್ಛೇದನ ನಮ್ಮದಲ್ಲದ ಪದ್ಧತಿ ಎಂದೂ ಬರೆದಿದ್ದಾರೆ. ಯಾರದ್ದಲ್ಲ? ಅಳಿಯಸಂತಾನದ ಮನೆತನಗಳಲ್ಲಿ, ಅಂದರೆ ಬಂಟರು, ಬಿಲ್ಲವರು, ಮೊಗವೀರರಲ್ಲಿ, ಆಸ್ತಿ ತಾಯಿಯ ಕಡೆಯಿಂದ ಇಳಿಯುತ್ತಿತ್ತು. ಗಂಡನೊಡನೆ ಸರಿಬರದಿದ್ದರೆ ಹೆಣ್ಣು ತನ್ನ ತರವಾಡು ಮನೆಗೆ, ಅಂದರೆ ತಾಯಿಯ ಕಡೆಯ ಮೂಲಮನೆಗೆ, ವಾಪಸು ಬರುತ್ತಿದ್ದಳು. ಮರುಮದುವೆಯೂ ಆಗುತ್ತಿತ್ತು. ಬಡಗಣ ಸೀಮೆಯ ಎಷ್ಟೋ ಜಾತಿಗಳಲ್ಲಿ ಸೋಡಚೀಟಿ ಕೊಟ್ಟು ಬಿಡುವುದು, ಬಿಟ್ಟವಳಿಗೆ ಉಡಿಕೆ (ಮರುಮದುವೆ) ಮಾಡುವುದು ಪಂಚರೆದುರು ನಡೆಯುತ್ತಿದ್ದ ಸಾಮಾನ್ಯ ಸಂಗತಿ. ಇಂಥ ರೂಢಿಯ ವಿಚ್ಛೇದನವನ್ನು ಹಿಂದೂ ವಿವಾಹ ಕಾಯ್ದೆ ತನ್ನ 29ನೇ ಕಲಮಿನಲ್ಲಿ ಈಗಲೂ ಮಾನ್ಯ ಮಾಡುತ್ತದೆ. ಇನ್ನು ಮುಂಬಯಿ ಪ್ರಾಂತ್ಯ 1947ರಲ್ಲೇ ಹಿಂದೂ ವಿಚ್ಛೇದನಕ್ಕೆ ತನ್ನದೇ ಕಾನೂನು ಮಾಡಿತ್ತು, ದೆಹಲಿಯವರು ಏಳುವುದಕ್ಕೆ ಎಂಟು ವರ್ಷ ಮುಂಚೆ. ಅದಕ್ಕೂ ಅರವತ್ತು ವರ್ಷ ಹಿಂದೆ ಇದೇ ಊರಿನಲ್ಲಿ ರಖಮಾಬಾಯಿ, ಹನ್ನೊಂದನೇ ವಯಸ್ಸಿನಲ್ಲಿ ಕಟ್ಟಿದ ಗಂಡನ ಮನೆಗೆ ಹೋಗುವುದಿಲ್ಲ, ಬೇಕಾದರೆ ಜೈಲಿಗೆ ಹೋಗುತ್ತೇನೆ ಎಂದು ಹೈಕೋರ್ಟಿನಲ್ಲಿ ನಿಂತಿದ್ದರು. ಮುಂದೆ ವೈದ್ಯೆಯಾದರು. ಮೊಬೈಲು ಇರಲಿಲ್ಲ ಅವರ ಹತ್ತಿರ.

ತರವಾಡಿನ ಮಾತು ನಾನು ಅಭಿಮಾನಕ್ಕೆ ಎತ್ತಿದ್ದಲ್ಲ. ನಾನು ಟೈಪು ಮಾಡಿದ ಅರ್ಜಿಗಳಲ್ಲೂ ಇದೇ ತಿರುಳು: ಆ ರಾತ್ರಿ ಹೋಗಿ ಮಲಗಲು ಅವಳಿಗೆ ಜಾಗ ಇದೆಯೋ ಇಲ್ಲವೋ. ಇದ್ದವಳು ಮೂರನೇ ವರ್ಷಕ್ಕೆ ಬಂದಳು. ಇಲ್ಲದವಳು ಇಪ್ಪತ್ತೈದನೇ ವರ್ಷಕ್ಕೆ, ಮಗಳ ಮದುವೆ ಮುಗಿಸಿ, ಮಗ ಬೆಂಗಳೂರಿನಲ್ಲಿ ಮನೆ ಮಾಡಿದ ಮೇಲೆ ಬಂದಳು. ಇಬ್ಬರ ಅರ್ಜಿಯ ಒಳಗಿನ ಸಂಗತಿ ಬಹುಪಾಲು ಒಂದೇ ಇರುತ್ತಿತ್ತು: ಕುಡಿತ, ಹೊಡೆತ, ಇನ್ನೊಂದು ಹೆಂಗಸು, ಅತ್ತೆಯ ನಾಲಿಗೆ, ಅಥವಾ ಏನೂ ಇಲ್ಲದೆ ಬರೀ ಮಾತೇ ಆಡದ ಗಂಡ. ಬೇರೆ ಇರುತ್ತಿದ್ದದ್ದು ತಾರೀಕು ಮಾತ್ರ.

ಮುಂಬಯಿಯಲ್ಲಿ ಈ ಜಾಗದ ಪ್ರಶ್ನೆ ಎಷ್ಟು ವಿಚಿತ್ರ ರೂಪ ತಾಳುತ್ತದೆ ಎಂಬುದನ್ನು ಹೊರಗಿನವರಿಗೆ ತಿಳಿಸುವುದು ಕಷ್ಟ. 13ಬಿ ಪ್ರಕಾರ ಅರ್ಜಿ ಹಾಕುವ ಮೊದಲು ಒಂದು ವರ್ಷ ಬೇರೆ ಬೇರೆ ಇರಬೇಕು. ಒಂದು ಖೋಲಿ, ಮೂಲೆಯಲ್ಲಿ ಬಚ್ಚಲಿಗೆ ಒಂದು ಮೋರಿ ಇರುವವರು ಎಲ್ಲಿ ಬೇರೆ ಇರುವುದು? 1991ರಲ್ಲಿ ಸುರೇಷ್ಟಾ ದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಗಂಡ ಹೆಂಡತಿಯಾಗಿ ಬಾಳದಿದ್ದರೆ ಸಾಕು, ಒಂದೇ ಸೂರಿನಡಿ ಇದ್ದರೂ ಅದು ಬೇರೆ ಇದ್ದಂತೆಯೇ ಎಂದು ಹೇಳಿತು. ಆ ತೀರ್ಪನ್ನು ಓದಿ ನಮ್ಮ ಸಾಹೇಬರು, ಈ ನ್ಯಾಯಮೂರ್ತಿಗಳು ಮುಂಬಯಿಯ ಒಂದೊಂದೇ ಖೋಲಿಯ ಚಾಳು ನೋಡಿದ್ದಾರೆ ಎಂದು ನಕ್ಕಿದ್ದರು. ಭಾಂಡುಪಿನ ಒಂದು ಖೋಲಿಯಲ್ಲಿ ನಡುವೆ ಹಗ್ಗ ಕಟ್ಟಿ ಹಳೇ ಸೀರೆ ಇಳಿಬಿಟ್ಟಿದ್ದರು. ಆಚೆ ಗಂಡ, ಈಚೆ ಹೆಂಡತಿ ಮತ್ತು ಮಗಳು. ಬೆಳಿಗ್ಗೆ ಬಾಗಿಲಿಗೆ ಹಾಲಿನ ಎರಡು ಪ್ಯಾಕೆಟು, ತಿಂಗಳ ಕೊನೆಗೆ ಹಾಲಿನವನಿಗೆ ಎರಡು ಲೆಕ್ಕ. ಆ ಸಂಸಾರ ಮುರಿದು ಎಷ್ಟು ಕಾಲವಾಯಿತು ಎಂದು ಕೇಳಿದಾಗ ಅವರು ತಾರೀಕು ಹೇಳಿದ್ದು ಹಾಲಿನ ಲೆಕ್ಕದ ಪುಸ್ತಕ ನೋಡಿ.

ಅದೇ ಚಾಳು ರೀಡೆವಲಪ್‌ಮೆಂಟಿಗೆ ಹೋಗಲಿ, ಆಗ ನೋಡಿ. ಹೊಸ ಕಟ್ಟಡ ಏಳುವವರೆಗೆ ಬಿಲ್ಡರು ಬಾಡಿಗೆ ಹಣ ಕೊಡುತ್ತಾನೆ. ಇಪ್ಪತ್ತು ವರ್ಷ ಸೀರೆಯ ಪರದೆಯ ಎರಡು ಬದಿ ಇದ್ದವರಿಗೆ ಮೊದಲ ಸಲ ಎರಡು ಕಡೆ ಮನೆ ಹಿಡಿಯುವಷ್ಟು ದುಡ್ಡು ಕೈಗೆ ಬರುತ್ತದೆ. ಆಗ ಬೇರೆಯಾಗುತ್ತಾರೆ. ನೆಂಟರು ಹೇಳುವುದು, ದುಡ್ಡು ಬಂದ ಕೂಡಲೇ ಸಂಸಾರ ಕೆಟ್ಟಿತು ಎಂದು. ಕೆಟ್ಟದ್ದು ಯಾವಾಗಲೋ, ದುಡ್ಡು ಅದನ್ನು ಕಾಣುವಂತೆ ಮಾಡಿತು. ಅಷ್ಟರಲ್ಲಿ ಇನ್ನೊಂದು ತಕರಾರು ಶುರು. ಖೋಲಿಯ ಬಾಡಿಗೆ ರಸೀದಿ ಗಂಡನ ಹೆಸರಿನಲ್ಲಿ, ಅದಕ್ಕೂ ಮುಂಚೆ ಮಾವನ ಹೆಸರಿನಲ್ಲಿ. ಹೊಸ ಫ್ಲ್ಯಾಟಿನ ಅಗ್ರಿಮೆಂಟೂ ಅವನದ್ದೇ ಹೆಸರಿಗೆ. ಅವಳು ಅಲ್ಲಿ ಮೂವತ್ತು ವರ್ಷ ನೀರು ತುಂಬಿಸಿದ್ದಕ್ಕೆ ರಸೀದಿ ಇಲ್ಲ. ವಾಸಕ್ಕೆ ಮಾತ್ರ ಅವಳಿಗೆ ಹಕ್ಕಿದೆ: 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆ ಅದನ್ನು ಕೊಟ್ಟಿದೆ, ಮನೆ ಅತ್ತೆ ಮಾವಂದಿರ ಹೆಸರಿನಲ್ಲಿದ್ದರೂ ಆ ಹಕ್ಕು ಕೇಳಬಹುದು ಎಂದು ಸುಪ್ರೀಂ ಕೋರ್ಟು 2020ರಲ್ಲಿ ಹೇಳಿದೆ. ಆದರೆ ಇರುವ ಹಕ್ಕು ಬೇರೆ, ಪಾಲು ಬೇರೆ.

ಈಗಿನ ಹುಡುಗ ಹುಡುಗಿಯರದ್ದು ಖೋಲಿಯ ಕಥೆಯಲ್ಲ, ಲೋನಿನ ಕಥೆ. ಇಬ್ಬರ ಸಂಬಳ ತೋರಿಸಿ ಬದ್ಲಾಪುರದಲ್ಲೋ ವಿರಾರಿನಲ್ಲೋ ಫ್ಲ್ಯಾಟು. ಇಬ್ಬರೂ ಸಾಲಗಾರರು, ಇಪ್ಪತ್ತು ವರ್ಷದ ಕಂತು. ದಿನಕ್ಕೆ ಮೂರು ಮೂರೂವರೆ ತಾಸು ಲೋಕಲಿನಲ್ಲಿ. ಮನೆಯಲ್ಲಿ ಎದುರೆದುರು ಕೂತು ಊಟ ಮಾಡುವುದು ರವಿವಾರ ಮಾತ್ರ, ಆವತ್ತು ಮೆಗಾಬ್ಲಾಕ್ ಎಂದು ದುರಸ್ತಿಗೆ ಲೋಕಲು ನಿಲ್ಲಿಸಿದ್ದರೂ ಅತ್ತೆ ಮನೆಗೆ ಹೋಗಲೇಬೇಕು. ಎರಡೂ ಮನೆಯವರು ಕೂತು ಮಾತಾಡಿ, ಬಂಗಾರ ವಾಪಸಾಗಿ, ಎಲ್ಲ ಒಪ್ಪಿಗೆಯಾದ ಕೇಸುಗಳು ಕೂಡ ಈ ಲೋನಿನ ಹತ್ತಿರ ಬಂದು ನಿಂತದ್ದನ್ನು ನಾನು ನೋಡಿದ್ದೇನೆ. ಕೋರ್ಟಿನ ಡಿಕ್ರಿ ಇಬ್ಬರನ್ನು ಒಬ್ಬರಿಂದೊಬ್ಬರು ಬಿಡಿಸುತ್ತದೆ, ಬ್ಯಾಂಕಿನಿಂದ ಬಿಡಿಸುವುದಿಲ್ಲ. ಒಬ್ಬರ ಹೆಸರು ತೆಗೆಯಲು ಬ್ಯಾಂಕು ಒಪ್ಪಬೇಕು, ಉಳಿದವರ ಒಂದೇ ಸಂಬಳ ಆ ಸಾಲಕ್ಕೆ ಸಾಲಬೇಕು. ಸಾಲುವುದಿಲ್ಲ, ಸಾಲುವಂತಿದ್ದರೆ ಇಬ್ಬರು ಸೇರಿ ತೆಗೆಯುತ್ತಿರಲಿಲ್ಲವಲ್ಲ. ಹೀಗೆ ಮನಸ್ಸು ಬಿಟ್ಟ ಜೋಡಿಗಳು ಕಂತಿಗಾಗಿ ಒಟ್ಟಿಗಿವೆ. ಇವರನ್ನೂ ನಾವು ಹೊಂದಿಕೊಂಡು ಹೋಗುವವರ ಪಟ್ಟಿಯಲ್ಲಿ ಸೇರಿಸುತ್ತೇವೆ.

ಕೋರ್ಟುಗಳು ವಿಚ್ಛೇದನವನ್ನು ಸುಲಭ ಮಾಡಿಬಿಟ್ಟವು ಎಂಬ ಆಕ್ಷೇಪಕ್ಕೆ ಎರಡೇ ಮಾತು. ಒಪ್ಪಿಗೆ ಅರ್ಜಿಯ ನಂತರದ ಆರು ತಿಂಗಳ ಕಾಯುವಿಕೆಯನ್ನು ತಕ್ಕ ಕಾರಣವಿದ್ದರೆ ಬಿಡಬಹುದು ಎಂದು 2017ರಲ್ಲಿ ಬಂದ ತೀರ್ಪು, ಆಗಲೇ ಬಹಳ ಕಾಲದಿಂದ ಬೇರೆ ಇದ್ದು ಮಕ್ಕಳ, ಹಣದ ಲೆಕ್ಕವೆಲ್ಲ ಬಗೆಹರಿಸಿಕೊಂಡವರಿಗೆ. ಮತ್ತೆ ಕೂಡಲಾರದಷ್ಟು ಮುರಿದ ಮದುವೆಯನ್ನು ತಾನೇ ರದ್ದು ಮಾಡಬಹುದು ಎಂದು 2023ರ ಮೇ 1ರಂದು ಸಂವಿಧಾನ ಪೀಠ ಹೇಳಿದ್ದು ಸುಪ್ರೀಂ ಕೋರ್ಟಿನ ವಿಶೇಷಾಧಿಕಾರದ ಬಗ್ಗೆ. ಬಾಂದ್ರಾದ ಕುಟುಂಬ ನ್ಯಾಯಾಲಯದ ಬೆಂಚಿನಲ್ಲಿ ಮಗುವಿಗೆ ಬಿಸ್ಕೆಟು ತಿನ್ನಿಸುತ್ತಾ ತಮ್ಮ ನಂಬರು ಕೂಗುವುದನ್ನು ಕಾಯುವವರಿಗೆ ಅದು ಸಿಗುವುದಿಲ್ಲ.

ಮೊಬೈಲನ್ನು ನಾನು ಪೂರ್ತಿ ನಿರಪರಾಧಿ ಎನ್ನುವುದಿಲ್ಲ. ವಾಟ್ಸ್ಯಾಪಿನ ಮೆಸೇಜುಗಳನ್ನು ಪ್ರಿಂಟು ತೆಗೆದು ಇಂಗ್ಲಿಷಿಗೆ ಮಾಡಿಕೊಡಿ ಎಂದು ಕಟ್ಟು ಕಟ್ಟು ತಂದವರಿದ್ದಾರೆ. ಅದರಲ್ಲಿ ನಾನು ಕಂಡ ಮುಖ್ಯ ಅಪರಾಧಿ ಪ್ರಿಯಕರನೂ ಅಲ್ಲ, ಪ್ರೇಯಸಿಯೂ ಅಲ್ಲ. ತಾಯಂದಿರು! ಹುಡುಗಿಯ ತಾಯಿ ಬೆಳಿಗ್ಗೆ ಎಂಟಕ್ಕೆ ತಿಂಡಿ ಯಾರು ಮಾಡಿದರು ಎಂದು ಕೇಳುತ್ತಾಳೆ, ಹುಡುಗನ ತಾಯಿ ಹತ್ತಕ್ಕೆ ಅದೇ ಪ್ರಶ್ನೆ ಮಗನಿಗೆ ಕಳಿಸುತ್ತಾಳೆ. ಮೊದಲಾದರೆ ಊರಿಗೆ ಕಾಗದ ಹೋಗಿ ಉತ್ತರ ಬರುವಷ್ಟರಲ್ಲಿ ಜಗಳವೇ ಮರೆತುಹೋಗಿರುತ್ತಿತ್ತು. ಈ ಒಂದು ವಿಷಯದಲ್ಲಿ ಲೇಖಕರ ಜೊತೆ ನಾನಿದ್ದೇನೆ, ಆದರೆ ಬೈಗುಳ ಹೋಗಬೇಕಾದದ್ದು ನಮ್ಮ ವಯಸ್ಸಿನವರಿಗೆ.

ಸಂಬಳ ತರುವ ಹುಡುಗಿ ಬಿಟ್ಟುಹೋಗುತ್ತಾಳೆ ಎನ್ನುವುದೂ ಅರ್ಧ ಮಾತೇ. ಸಂಬಳವಿದ್ದರೆ ಹೊರಗೆ ಕಾಲಿಡುವ ಧೈರ್ಯ ಬರುತ್ತದೆ, ಹೌದು. ಆದರೆ ಅಮೆರಿಕದಲ್ಲಿ ವಿಚ್ಛೇದನದ ಪ್ರಮಾಣ 1980ರ ಆಸುಪಾಸಿನಲ್ಲಿ ಶಿಖರಕ್ಕೇರಿ ಆಮೇಲೆ ಇಳಿಯುತ್ತಾ ಬಂದಿದೆ, ಅಲ್ಲಿ ಕಾಲೇಜು ಮುಗಿಸಿದವರ ಮದುವೆಗಳೇ ಹೆಚ್ಚು ಬಾಳುತ್ತವೆ, ಹದಿಹರೆಯದಲ್ಲಿ ಆದವೇ ಹೆಚ್ಚು ಮುರಿಯುತ್ತವೆ. ಓದಿದರೆ ಕೆಡುತ್ತದೆ ಎಂಬ ಸೂತ್ರ ಅಲ್ಲಿಯೂ ನಿಲ್ಲಲಿಲ್ಲ.

ಜೀವನಾಂಶದ ಕಡೆ ಬಂದರೆ ನಮ್ಮ ಜನರ ಜಾಣತನ ಹೊಗಳಬೇಕು. ಹೊಟೇಲು ಅಣ್ಣನ ಹೆಸರಿನಲ್ಲಿ, ಕಾರು ಭಾವನ ಹೆಸರಿನಲ್ಲಿ, ತಾನು ಅಲ್ಲಿ ಬರೀ ಮ್ಯಾನೇಜರು, ಸಂಬಳ ಹದಿನೈದು ಸಾವಿರ. ಇಬ್ಬರೂ ತಮ್ಮ ಆಸ್ತಿ, ಆದಾಯ, ಸಾಲವನ್ನು ಅಫಿಡವಿಟ್ಟಿನಲ್ಲಿ ಬರೆದುಕೊಡಲೇಬೇಕು ಎಂದು 2020ರ ನವೆಂಬರಿನಲ್ಲಿ ರಜನೇಶ್ ಮತ್ತು ನೇಹಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ವಿಧಿಸಿದ ಮೇಲೆ ಆಟ ಸ್ವಲ್ಪ ತಗ್ಗಿದೆ. ಜೀವನಾಂಶ ಸಿಕ್ಕರೂ ಅದು ತಿಂಗಳ ಖರ್ಚಿಗೆ. ಮದುವೆಯ ನಂತರ ಇಬ್ಬರೂ ಸೇರಿ ಕಟ್ಟಿದ ಮನೆಯಲ್ಲಿ, ಕಾಗದದಲ್ಲಿ ಹೆಸರಿಲ್ಲದಿದ್ದರೆ, ಹೆಂಡತಿಗೆ ಪಾಲಿಲ್ಲ. ಗಂಡನ ಆಸ್ತಿಯಲ್ಲಿ ಅವಳಿಗೆ ಪಾಲು ಕೊಡುವ ತಿದ್ದುಪಡಿ ಮಸೂದೆ 2013ರಲ್ಲಿ ರಾಜ್ಯಸಭೆ ದಾಟಿ ಲೋಕಸಭೆಯಲ್ಲಿ ನಿಂತೇಹೋಯಿತು. ಅತ್ತ ಗೋವೆಯಲ್ಲಿ, ಪೋರ್ಚುಗೀಸರು ಬಿಟ್ಟುಹೋದ ಕಾನೂನಿನ ಪ್ರಕಾರ, ಮದುವೆಗೆ ಮುಂಚೆ ಬೇರೆ ಕರಾರು ಮಾಡಿಕೊಳ್ಳದಿದ್ದರೆ ಇಬ್ಬರ ಆಸ್ತಿಯಲ್ಲೂ ಅರ್ಧರ್ಧ. ರಾತ್ರಿಯ ರೈಲು ಹತ್ತಿದರೆ ಬೆಳಿಗ್ಗೆ ಮುಟ್ಟುವ ಊರು, ಅಲ್ಲಿಯ ಹೆಂಡತಿಗೆ ಅರ್ಧ ಮನೆ, ಇಲ್ಲಿಯವಳಿಗೆ ಕೊಡಪಾನದ ಪಟ್ಟಿ.

ಆದ್ದರಿಂದ ನಮ್ಮ ಸಂಘಗಳ ಹಿರಿಯರಲ್ಲಿ ಒಂದು ವಿನಂತಿ. ವಾರ್ಷಿಕೋತ್ಸವದ ವೇದಿಕೆಯಲ್ಲಿ ಹೆಣ್ಣುಮಕ್ಕಳಿಗೆ ತಾಳ್ಮೆಯ ಉಪನ್ಯಾಸ ಕೊಡುವುದನ್ನು ಒಂದು ವರ್ಷ ನಿಲ್ಲಿಸಿ. ಅದರ ಬದಲು ಮದುವೆಯಾಗುವ ಜೋಡಿಗೆ ಫ್ಲ್ಯಾಟಿನ ಅಗ್ರಿಮೆಂಟಿನಲ್ಲಿ, ಸೊಸೈಟಿಯ ಷೇರು ಸರ್ಟಿಫಿಕೇಟಿನಲ್ಲಿ ಎರಡೂ ಹೆಸರು ಹಾಕಿಸಲು ಹೇಳಿ. ಕಂತು ಯಾರ ಖಾತೆಯಿಂದ ಎಷ್ಟು ಹೋಯಿತು ಎಂಬ ಬ್ಯಾಂಕ್ ಸ್ಟೇಟ್‌ಮೆಂಟು ತೆಗೆದಿಡಲು ಹೇಳಿ. ಮಗಳಿಗೆ ಐವತ್ತು ಪವನು ಬಂಗಾರ ಹಾಕುವ ತಂದೆಗೆ, ಅದರಲ್ಲಿ ಇಪ್ಪತ್ತು ಕಡಿಮೆ ಮಾಡಿ ಅವಳ ಒಬ್ಬಳ ಹೆಸರಿನಲ್ಲಿ ಒಂದು ಪುಟ್ಟ ಜಾಗಕ್ಕೆ ಮುಂಗಡ ಕೊಡಲು ಹೇಳಿ. ಮನೆಯ ಖರೀದಿ ಬರೀ ಹೆಂಗಸರ ಹೆಸರಿನಲ್ಲಿದ್ದರೆ ಮಹಾರಾಷ್ಟ್ರ ಸರಕಾರ 2021ರಿಂದ ಸ್ಟಾಂಪ್ ಡ್ಯೂಟಿಯಲ್ಲಿ ಶೇ. 1 ಬಿಡುತ್ತದೆ, ಇದನ್ನು ಎಷ್ಟು ತಂದೆಯರು ಕೇಳಿದ್ದಾರೆ? ಸಂಘದ ಕಟ್ಟಡದಲ್ಲಿ ನಾಟಕದವರ ಸಾಮಾನು ತುಂಬಿದ ಕೋಣೆ ಒಂದಾದರೂ ಇರುತ್ತದೆ. ಅದನ್ನು ಖಾಲಿ ಮಾಡಿ ಎರಡು ಮಂಚ ಹಾಕಿದರೆ ರಾತ್ರಿ ಹೊರಬಿದ್ದ ಹೆಣ್ಣೊಬ್ಬಳು ನಾಲ್ಕು ದಿನ ಇದ್ದು ಯೋಚಿಸಬಹುದು. ನಾಲ್ಕು ದಿನ ನೆಮ್ಮದಿಯಿಂದ ನಿದ್ದೆ ಮಾಡಿ ಗಂಡನ ಮನೆಗೇ ವಾಪಸು ಹೋದವರನ್ನೂ ನಾನು ಬಲ್ಲೆ, ಹಾಗಾಗಿ ಮನೆ ಮುರಿಯುವ ಕೋಣೆ ಎಂದು ಯಾರೂ ಗಾಬರಿಯಾಗುವುದು ಬೇಡ.

ಪತ್ರ ಉದ್ದವಾಯಿತು, ಕತ್ತರಿಸುವುದಾದರೆ ಅಮೆರಿಕದ ಸಂಗತಿಯನ್ನು ಕತ್ತರಿಸಿ, ದೊಡ್ಡಮ್ಮನದ್ದನ್ನು ಬಿಡಿ. ನನ್ನ ಹೆಸರು ಹಾಕಬೇಡಿ. ನಾನು ಟೈಪು ಮಾಡಿದ ಅರ್ಜಿಗಳ ಮಂದಿ ಇದೇ ಪತ್ರಿಕೆ ಓದುವವರು. ಅವರ ಗುರುತು ಸಿಗದಂತೆ ಮೇಲಿನ ಸಂಗತಿಗಳಲ್ಲಿ ಊರು, ಉಪನಗರ ಅದಲು ಬದಲು ಮಾಡಿದ್ದೇನೆ. ಪರದೆ ಕಟ್ಟಿದ ಖೋಲಿ ಭಾಂಡುಪಿನದ್ದಲ್ಲ.

ಇತಿ,
ಒಬ್ಬ ನಿವೃತ್ತ ಟೈಪಿಸ್ಟ್
ಡೊಂಬಿವಲಿ ಪೂರ್ವ